ಬೆನ್ನುಗಲ್ಲು ಗುಡ್ಡದ ಒಂಬತ್ತನೆಯ ಕಲ್ಲು

ಕರಿಗಟ್ಟಿ ಊರಿನ ಪಡುವಲಿಗೆ, ಕಾಲೇಜಿನ ಹಿಂದಿನ ಬೇಲಿಗೆ ಹತ್ತಿಕೊಂಡಂತೆ, ಒಂದು ಬೋಳು ಗುಡ್ಡವಿದೆ. ದೊಡ್ಡ ಗುಡ್ಡವೇನಲ್ಲ, ಆಡು ಕಾಯುವ ಮುದುಕಿ ಬಾಯಲ್ಲಿಟ್ಟ ಎಲೆಯಡಿಕೆ ಜಗಿದು ಮುಗಿಸುವುದರೊಳಗೆ ನೆತ್ತಿ ಸೇರಿಬಿಡುತ್ತಾಳೆ. ಆ ನೆತ್ತಿಯ ಮೇಲೆ ದೇವರಿಲ್ಲ, ಗುಡಿಯಿಲ್ಲ, ಗೋರಿಯೂ ಇಲ್ಲ. ಇರುವುದು ದುಂಡಗೆ ಹೂಡಿದ ಒಂಬತ್ತು ಕೂರುಗಲ್ಲುಗಳು. ಒಂದು ಕೆಂಪು, ಒಂದು ಬೂದಿ ಬಣ್ಣದ್ದು, ಒಂದು ಸುಣ್ಣದ ಹರಳಿನದು, ಹೀಗೆ ಒಂದರಂತೆ ಇನ್ನೊಂದಿಲ್ಲ. ಪ್ರತಿಯೊಂದಕ್ಕೂ ಒರಗಿಕೊಳ್ಳಲೆಂದು ಒಂದೊಂದು ಹಾಸುಗಲ್ಲನ್ನು ನಿಲ್ಲಿಸಿ ನೆಟ್ಟಿದ್ದಾರೆ. ಎಂಟು ಕಲ್ಲುಗಳ ಒರಗು ಹೊರಬದಿಗಿದೆ. ಅಲ್ಲಿ ಕೂತವರು ಒಬ್ಬರ ಮುಖ ಒಬ್ಬರು ನೋಡುತ್ತ ಕೂರಬೇಕು. ಒಂಬತ್ತನೆಯದು ಕರೀ ಕಲ್ಲು, ನಡುವೆ ತಟ್ಟೆಯಷ್ಟು ತಗ್ಗು ಬಿದ್ದು ನುಣುಪಾದದ್ದು. ಅದರ ಒರಗು ಮಾತ್ರ ಒಳಬದಿಗಿದೆ. ಅದರ ಮೇಲೆ ಕೂತವನ ಬೆನ್ನು ಉಳಿದ ಎಂಟಕ್ಕೂ, ಅವುಗಳ ಆಚೆಗಿನ ಕಾಲೇಜಿಗೂ ತಿರುಗಿರುತ್ತದೆ. ಕಣ್ಣಿಗೆ ಬೀಳುವುದು ಕೆಳಗಿನ ರಸ್ತೆ ಮತ್ತು ಸಮಗಾರರ ಕೇರಿಯ ಮಾಡುಗಳು. ಕಾಲೇಜಿಗೆ ನೂರು ವರ್ಷ ತುಂಬಿದಾಗ ಶತಮಾನೋತ್ಸವ ಸಮಿತಿಯವರು ಗುಡ್ಡದ ಬುಡದಲ್ಲಿ ಹಸಿರು ಬಣ್ಣದ ಫಲಕ ನಿಲ್ಲಿಸಿ, ಅದರ ಮೇಲೆ ‘ಸ್ನೇಹವೃತ್ತ’ ಎಂದು ದೊಡ್ಡ ಅಕ್ಷರದಲ್ಲಿ ಬರೆಸಿದರು. ಬರೆಸಿದರೇನಾಯಿತು? ಬಸ್ಸಿನ ಕಂಡಕ್ಟರ್ ಇವತ್ತಿಗೂ ಕೂಗುವುದು “ಬೆನ್ನಗಲ್ಲ, ಯಾರ್ರೀ ಬೆನ್ನಗಲ್ಲ” ಎಂದೇ. ಸ್ನೇಹವೃತ್ತಕ್ಕೆ ಟಿಕೆಟ್ ಕೇಳಿದವರು ಈತನಕ ಒಬ್ಬರೂ ಸಿಕ್ಕಿಲ್ಲವಂತೆ.

ಹಿಂದೆ ಒಮ್ಮೆ, ಬಿಳಿಯರ ಆಳಿಕೆ ಇನ್ನೂ ಇದ್ದ ಕಾಲದಲ್ಲಿ, ಈ ಗುಡ್ಡಕ್ಕೆ ಹೆಸರೇ ಇರಲಿಲ್ಲ ಎನ್ನುತ್ತಾರೆ. ಸುತ್ತಿನ ಸೀಮೆಗೆಲ್ಲ ಇದೊಂದೇ ಕಾಲೇಜು. ಪೇಟೆಯ ವಕೀಲರ, ಸಾವಕಾರರ ಮಕ್ಕಳು ಕೋಟು ತೊಟ್ಟು ಬರುತ್ತಿದ್ದರು. ಹಳ್ಳಿಯ ಹುಡುಗರು ಧೋತರ ಉಟ್ಟು, ಎಂಟು ದಿನದ ಜೋಳದ ರೊಟ್ಟಿಯನ್ನು ಅರಿವೆಯಲ್ಲಿ ಕಟ್ಟಿಕೊಂಡು ಬರುತ್ತಿದ್ದರು. ಪೇಟೆಯವರು ಇವರಿಗೆ ಇಟ್ಟ ಹೆಸರು ‘ರೊಟ್ಟಿಗಂಟು’. ಪೇಟೆಯ ಹುಡುಗರದೊಂದು ಕ್ಲಬ್ಬಿತ್ತು; ಅಲ್ಲಿ ಚಹಾ ಕುಡಿಯುತ್ತಿದ್ದರು, ಚೆಂಡಾಡುತ್ತಿದ್ದರು, ಒಬ್ಬರನ್ನೊಬ್ಬರು ‘ಮಿಸ್ಟರ್’ ಎಂದು ಕರೆಯುತ್ತಿದ್ದರು. ಬಾಬಾಗೌಡ ಎಂಬ ಗೌಡರ ಮನೆಯ ಹುಡುಗ ಆ ಕ್ಲಬ್ಬಿಗೆ ಸೇರಲು ಹೋಗಿ, ರೊಟ್ಟಿಗಂಟೆಂದು ಅನ್ನಿಸಿಕೊಂಡು ಹೊರಬಿದ್ದ. ಬಿದ್ದವನು ಸುಮ್ಮನಿರಲಿಲ್ಲ, ಹಳ್ಳಿಯ ಹುಡುಗರನ್ನು ಕೂಡಿಸಿ ‘ಒಡಹುಟ್ಟು ಬಳಗ’ ಎಂದು ತನ್ನದೇ ಒಂದನ್ನು ಕಟ್ಟಿದ. ಲೋಕದ ಸಂಘಗಳಲ್ಲಿ ಅರ್ಧ ಪ್ರೀತಿಯಿಂದ ಹುಟ್ಟುತ್ತವೆ, ಅರ್ಧ ಹೊಟ್ಟೆಯುರಿಯಿಂದ. ಇದು ಯಾವುದರಿಂದ ಹುಟ್ಟಿತೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೂ ಮೊದಲೆರಡು ವರ್ಷ ಅದು ಚೆಂದವಾಗಿಯೇ ನಡೆಯಿತು ಎನ್ನುವುದನ್ನು ಅದರ ವೈರಿಗಳೂ ಒಪ್ಪುತ್ತಾರೆ. ಒಬ್ಬನ ರೊಟ್ಟಿ ತೀರಿದರೆ ಇನ್ನೊಬ್ಬನ ಗಂಟು ಬಿಚ್ಚುತ್ತಿತ್ತು, ಒಬ್ಬನಿಗೆ ಜ್ವರ ಬಂದರೆ ಉಳಿದವರು ಸರದಿಯ ಮೇಲೆ ಎಚ್ಚರವಿರುತ್ತಿದ್ದರು.

ಆ ಬಳಗಕ್ಕೆ ಸೇರುವ ರೀತಿ ಬೇರೆಲ್ಲೂ ಕೇಳದಂಥದ್ದು. ಸೇರಬಯಸುವವನು ತನ್ನ ಊರಿನಿಂದ, ತನ್ನ ಮನೆತನದ ಬದುಕಿಗೆ ಸೇರಿದ ಒಂದು ಕಲ್ಲನ್ನು ತರಬೇಕು. ಒಕ್ಕಲಿಗರ ಹುಡುಗ ಹೊಲದ ಬದುವಿನ ಕಲ್ಲು ತಂದ, ಗಾಣಿಗರವನು ಗಾಣದ ಬುಡದ್ದನ್ನು ತಂದ, ಅಂಬಿಗರವನು ದೋಣಿ ಕಟ್ಟುವ ಹೊಳೆದಂಡೆಯ ಗುಂಡು ತಂದ. ಗುಡ್ಡದ ಬುಡದವರೆಗೆ ಬಂಡಿಯಲ್ಲಿ ಬಂದರೂ ಅಡ್ಡಿಯಿಲ್ಲ. ಅಲ್ಲಿಂದ ಮುಂದೆ ಅರ್ಧ ಏರನ್ನು ತಂದವನೊಬ್ಬನೇ ಹೊತ್ತೋ ಉರುಳಿಸಿಯೋ ಹತ್ತಿಸಬೇಕು. ಅರ್ಧ ದಾರಿಯಲ್ಲಿ ಒಂದು ಚಪ್ಪಟೆ ಬಂಡೆಯಿದೆ, ಅದಕ್ಕೆ ಅರೆಬಂಡೆ ಎನ್ನುತ್ತಾರೆ. ಅಲ್ಲಿ ಮೆಟ್ಟು ಕಳಚಿಟ್ಟು ಕಾಯುತ್ತಿದ್ದ ಬಳಗದವರೆಲ್ಲ ಆ ಕಲ್ಲಿಗೆ ಕೈಹಾಕಿ, ಉಳಿದರ್ಧವನ್ನು ಕೂಡಿ ಹೊತ್ತು ನೆತ್ತಿಯ ಮೇಲೆ ಹೂಡುತ್ತಿದ್ದರು. ‘ಅರ್ಧ ಅವನದು, ಅರ್ಧ ಎಲ್ಲರದು’ ಎನ್ನುವುದು ಅವರ ಮಾತು. ಆಮೇಲೆ ಅದಕ್ಕೊಂದು ಒರಗುಗಲ್ಲು ನೆಟ್ಟು, ಹೊಸಬನನ್ನು ಕೂರಿಸಿ, ಬೆಲ್ಲ ಹಂಚಿದರೆ ಅವನು ಒಡಹುಟ್ಟಿದವನಾದಂತೆ. ಬರೀ ಮಾತಿನ ಸಂಘವಾಗಿದ್ದರೆ ಇಷ್ಟು ಹೊತ್ತಿಗೆ ಯಾರ ನೆನಪಿನಲ್ಲೂ ಉಳಿಯುತ್ತಿರಲಿಲ್ಲ. ಕಲ್ಲು ಹೂಡಿ ಕೆಟ್ಟರು, ಕಲ್ಲು ಮರೆಯುವುದಿಲ್ಲ.

ಒಂಬತ್ತನೆಯವನಾಗಿ ಬಂದವನು ಲಚ್ಚಪ್ಪ, ಕರಿಗಟ್ಟಿಯದೇ ಸಮಗಾರ ಯಂಕಪ್ಪನ ಮಗ. ಕೇರಿಯಿಂದ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ಅವನೇ ಮೊದಲು. ಇನ್ನೊಂದು ವರ್ಷ ಕಳೆದರೆ ಬಿ.ಎ. ಆಗುತ್ತದೆ, ಆಮೇಲೆ ಸರಕಾರದ ಶಾಲೆಯಲ್ಲಿ ಮಾಸ್ತರಿಕೆ, ಕೇರಿಯ ಮಕ್ಕಳನ್ನು ಒಬ್ಬೊಬ್ಬರಾಗಿ ಶಾಲೆಗೆ ಎಳೆಯುವುದು ಎಂದು ಅವನು ಗೆರೆ ಕೊರೆದಂತೆ ಲೆಕ್ಕ ಹಾಕಿಕೊಂಡಿದ್ದ. ಅಪ್ಪ ಹೊಲಿದುಕೊಟ್ಟ ಅವನ ಬೂಟುಗಳು ಇಡೀ ಕಾಲೇಜಿನಲ್ಲೇ ಉತ್ತಮವಾದವು. ಪೇಟೆಯವರು ನಗದೆ ಬಿಟ್ಟ ಒಂದು ವಸ್ತು ಇದ್ದರೆ ಅದೊಂದೇ. ಅವನು ತಂದ ಕಲ್ಲು ಅಂಗಡಿಯಲ್ಲಿ ತೊಗಲು ಬಡಿಯುವ ಕರೀ ಕಲ್ಲು. ಅಜ್ಜ ಬಡಿದು, ಅಪ್ಪ ಬಡಿದು, ನಡುವೆ ತಗ್ಗು ಬಿದ್ದದ್ದು. ಅದನ್ನು ಅರೆಬಂಡೆಯವರೆಗೆ ಉರುಳಿಸಿ ತಂದು ಬೆವರೊರೆಸಿಕೊಂಡು ನಿಂತಾಗ, ಕಾಯುತ್ತಿದ್ದ ಎಂಟು ಮಂದಿ ಒಂದು ಗಳಿಗೆ ಸುಮ್ಮನೆ ನಿಂತರಂತೆ. ಕಲ್ಲಿಗೆ ತೊಗಲು ಹದಮಾಡುವ ತಂಗಡಿ ತೊಗಟೆಯ, ಹಸಿ ತೊಗಲಿನ ವಾಸನೆಯಿತ್ತು. ತಂದವನಿಗೆ ಆ ಗಳಿಗೆ ಬಹಳ ದೊಡ್ಡದಾಗಿ ಕಂಡಿತು. ಆಮೇಲೆ ಬಾಬಾಗೌಡ ಮುಂದೆ ಬಂದು ಕೈಹಾಕಿದ, ಅವನ ಹಿಂದೆ ಕುರುಬರ ಮಾಳಿಂಗ ಕೈಹಾಕಿದ, ಆಮೇಲೆ ಎಲ್ಲರೂ. ಲಚ್ಚಪ್ಪನ ಕಣ್ಣು ಒದ್ದೆಯಾಯಿತು. ತನ್ನ ಅಪ್ಪನ ಕಲ್ಲನ್ನು ಗೌಡರ ಮಗ ಮುಟ್ಟಿದನೆಂದು, ಇನ್ನು ಈ ಮಂದಿ ತನ್ನನ್ನು ಎಂದೂ ಕೈಬಿಡುವುದಿಲ್ಲವೆಂದು ಅವನು ನಂಬಿಬಿಟ್ಟ. ಕಲ್ಲು ಮುಟ್ಟುವುದು ಸುಲಭ. ಅದಕ್ಕೆ ಹೆಗಲ ಬಲ ಸಾಕು.

ಬಳಗ ಹುಟ್ಟಿದ ಮೂರನೆಯ ವರ್ಷ ಹೊಸ ಪ್ರಿನ್ಸಿಪಾಲರು ಬಂದರು. ಶಿಸ್ತಿನವರು ಎಂದು ಹೊಗಳಿಸಿಕೊಂಡವರು. ಕಾಲಿನಿಂದ ತಲೆಗೆ ಶಿಸ್ತು ಏರುತ್ತದೆಂದು ಅವರ ತಿಳಿವಳಿಕೆ. ಸಭಾಂಗಣದೊಳಗೆ ಬೂಟಿಲ್ಲದ ವಿದ್ಯಾರ್ಥಿ ಕಾಲಿಡಕೂಡದೆಂದು ಅವರು ನಿಯಮ ಮಾಡಿದರು. ಮಾಳಿಂಗ ಗಣಿತದಲ್ಲಿ ಕಾಲೇಜಿಗೇ ಮೊದಲಿಗ. ಹುಟ್ಟಿದಾಗಿನಿಂದ ಕುರಿಯ ಹಿಂದೆ ಮುಳ್ಳು ತುಳಿದ ಕಾಲು ಅವನದು, ಬೆರಳುಗಳು ಬೀಸಣಿಕೆಯಂತೆ ಅಗಲವಾಗಿ ಹರಡಿಕೊಂಡಿದ್ದವು. ಪೇಟೆಯ ಯಾವ ಅಂಗಡಿಯ ಬೂಟೂ ಆ ಕಾಲಿಗೆ ಹಿಡಿಯುತ್ತಿರಲಿಲ್ಲ. ಬಹುಮಾನ ಹಂಚುವ ಸಂಸ್ಥಾಪನೆಯ ದಿನಕ್ಕೆ ಮುಂಚೆ ನಡೆದ ತಾಲೀಮಿಗೆ ಅವನು ಊರಿನ ಕೆರ ಮೆಟ್ಟಿ ಹೋದ. ಪ್ರಿನ್ಸಿಪಾಲರು ಬಾಗಿಲಲ್ಲೇ ತಡೆದು, ಇದು ಕಾಲೇಜು, ಕುರಿಹಟ್ಟಿಯಲ್ಲ ಎಂದು ಎಲ್ಲರೆದುರು ಹೊರಗೆ ಹಾಕಿದರು. ಮಾಳಿಂಗ ಹಾಸ್ಟೆಲಿನ ಹಿಂದಿನ ಬಚ್ಚಲ ಕಟ್ಟೆಯ ಮೇಲೆ ಕೂತು ಅಳುತ್ತಿದ್ದುದನ್ನು ಕಂಡವನು ಲಚ್ಚಪ್ಪ. ಲಚ್ಚಪ್ಪನಿಗೆ ಸಿಟ್ಟು ಬರುವುದು ಕಡಿಮೆ, ಬಂದರೆ ಇಳಿಯುವುದೂ ಕಡಿಮೆ. ಅವನು ಅಳುವವನನ್ನು ಎಬ್ಬಿಸಿ ನೇರ ಗುಡ್ಡಕ್ಕೆ ಕರೆದುಕೊಂಡು ಹೋದ.

ಅಂದು ಸಂಜೆ ಒಂಬತ್ತೂ ಕಲ್ಲುಗಳು ತುಂಬಿದವು. ಬಾಬಾಗೌಡ ಎದ್ದು ನಿಂತು ಮಾತಾಡಿದ. ಮಾತಿನಲ್ಲಿ ಅವನನ್ನು ಮೀರಿಸುವವರಿರಲಿಲ್ಲ, ನಾಲಿಗೆಗೆ ಎಲುಬಿಲ್ಲವೆಂದು ಹಿರಿಯರು ಹೇಳಿದ್ದು ಇಂಥವರನ್ನು ನೋಡಿಯೇ. “ಒಬ್ಬನ ಕಾಲು ಬರಿದಾತಂದ್ರ ಎಲ್ಲಾರ ಕಾಲೂ ಬರಿದ. ಆ ದಿವಸ ಒಂಬತ್ತೂ ಮಂದಿ ಬರಿಗಾಲಿಲೇ ಒಳಗ ಹೋಗೂಣು. ಯಾರ್ನ ಹೊರಗ ಹಾಕ್ತಾನ ನೋಡೂಣು!” ಎಂದು ಅವನು ಕೈಯೆತ್ತಿದ. ಎಲ್ಲರೂ ಕೂತ ಕಲ್ಲು ಮುಟ್ಟಿ ಆಣೆ ಮಾಡಿದರು. ಬೂಟಿದ್ದವನು ಬೂಟು ಬಿಡುವುದರಲ್ಲಿ ಏನು ಹೆಚ್ಚುಗಾರಿಕೆ ಎಂದು ಈಗಿನವರು ಕೇಳಬಹುದು. ಲಚ್ಚಪ್ಪನಿಗೆ ಇತ್ತು. ಅವನ ಪಾಲಿಗೆ ಆ ಬೂಟು ಅಪ್ಪನ ಕೈಯ ಮಾನ. ಅದನ್ನು ಕಳಚುವುದೆಂದರೆ ಪೇಟೆಯವರು ನಗದೆ ಬಿಟ್ಟ ಒಂದೇ ಒಂದನ್ನೂ ಕಳಚಿದಂತೆ. ಆದರೂ ಎಲ್ಲರಿಗಿಂತ ಮೊದಲು ಕಲ್ಲು ಮುಟ್ಟಿದವನು ಅವನೇ ಎನ್ನುತ್ತಾರೆ.

ಮಾಡಿದ ತಪ್ಪನ್ನೂ ಅವನು ಅಲ್ಲಿಯೇ ಶುರುಮಾಡಿದ. ಗುಡ್ಡದಿಂದ ಇಳಿಯುವಾಗ ಮಾಳಿಂಗನನ್ನು ಅರೆಬಂಡೆಯ ಮೇಲೆ ನಿಲ್ಲಿಸಿ, ಇದ್ದಿಲಿನಿಂದ ಅವನ ಎರಡೂ ಪಾದದ ಗುರುತು ಹಾಕಿಕೊಂಡ. ಅಪ್ಪನ ಅಂಗಡಿಯಲ್ಲಿ ಕೂತು ಮೆತ್ತನೆಯ ತೊಗಲು ಆರಿಸಿ, ಬೆರಳುಗಳಿಗೆ ಬೇಕಾದಷ್ಟು ಅಗಲ ಬಿಟ್ಟು, ಒಂದು ಜೋಡಿ ಬೂಟು ಹೊಲಿದ. ಸಂಸ್ಥಾಪನೆಯ ದಿನದ ಹಿಂದಿನ ಸಂಜೆ ಅದನ್ನು ತಂದು ಮಾಳಿಂಗನ ಹಾಸಿಗೆಯ ಮೇಲಿಟ್ಟು, “ನಾಳೆ ಗೆದ್ದ ಮ್ಯಾಲೆ ಹಾಕ್ಕೋ. ಅಂವಾ ಹೇಳಿದ್ದಕ್ಕ ಹಾಕ್ಕೋಬ್ಯಾಡ, ನಾ ಕೊಟ್ಟೀನಿ ಅಂತ ಹಾಕ್ಕೋ” ಎಂದ. ಹಬ್ಬದ ಹೋಳಿಗೆಯನ್ನು ಹಬ್ಬದ ಹಿಂದಿನ ದಿನವೇ ತಟ್ಟೆಗೆ ಬಡಿಸಿದಂತಾಯಿತು. ಗೆಲ್ಲುವ ಮೊದಲೇ ಗೆಲುವಿನ ಉಡುಗೊರೆ ಕೊಡಬಾರದೆಂದು ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ಮಾಳಿಂಗ ಬೂಟನ್ನು ಎದೆಗೆ ಒತ್ತಿಕೊಂಡು ಅತ್ತನಂತೆ. ಅಳು ಬೇಗ ಬರುವವರನ್ನು ಕಂಡರೆ ಕರಿಗಟ್ಟಿಯವರು ಈಗಲೂ ಸ್ವಲ್ಪ ಅನುಮಾನದಿಂದಲೇ ನೋಡುತ್ತಾರೆ, ಅದಕ್ಕೆ ಕಾರಣ ಇದೇ ಇರಬೇಕು.

ಆದರೆ ಆಣೆಯ ಸುದ್ದಿ, ಮಾಡಿದವರ ಹೆಸರಿಲ್ಲದೆ, ಪ್ರಿನ್ಸಿಪಾಲರ ಕಿವಿಗೆ ಬಿದ್ದಿತ್ತು. ಸಂಸ್ಥಾಪನೆಯ ದಿನ ಬೆಳಗ್ಗೆ ಅವರು ಹಳ್ಳಿಯ ಹುಡುಗರ ಮುಂದಾಳೆಂದು ಬಾಬಾಗೌಡನನ್ನು ಕರೆಸಿ, ಬರಿಗಾಲಲ್ಲಿ ಬಂದವನ ಹೆಸರು ಸಂಜೆಯೊಳಗೆ ಕಾಲೇಜಿನಿಂದ ತೆಗೆದುಹಾಕುವೆನೆಂದು ಹೇಳಿ ಕಳಿಸಿದರು. ಉತ್ತರನ ಪೌರುಷ ಒಲೆಯ ಮುಂದೆ ಎನ್ನುವ ಗಾದೆ ನಮ್ಮಲ್ಲಿ ಸುಮ್ಮನೆ ಹುಟ್ಟಿಲ್ಲ. ಬಾಬಾಗೌಡ ಹಾಸ್ಟೆಲಿಗೆ ಓಡಿಬಂದು ಎಲ್ಲರನ್ನೂ ತನ್ನ ಕೋಣೆಯಲ್ಲಿ ಕೂಡಿಸಿದ. ಲಚ್ಚಪ್ಪ ಹಾಸ್ಟೆಲಿನವನಲ್ಲ, ಹಾಸ್ಟೆಲಿನಲ್ಲಿ ಅವನಿಗೆ ಜಾಗ ಕೊಟ್ಟಿರಲಿಲ್ಲ, ಕೇರಿಯಿಂದಲೇ ಬರುತ್ತಿದ್ದ. ಎಂಟು ಮಂದಿ ಕೂತು, ಹೆಸರು ಹೋದರೆ ಮನೆಯಲ್ಲಿ ಏನೆನ್ನುತ್ತಾರೆ, ಮುಂದಿನ ಗತಿಯೇನು ಎಂದು ಗುಸುಗುಸು ಮಾಡಿ, ಕೊನೆಗೆ ಬೂಟು ಹಾಕಿಕೊಂಡೇ ಹೋಗುವುದೆಂದು ಒಪ್ಪಿದರು. ಬೂಟಿಲ್ಲದ ಇಬ್ಬರಿಗೆ ಪಕ್ಕದ ಕೋಣೆಗಳಿಂದ ತಂದರು. ಮಾಳಿಂಗನಿಗೆ ತರಬೇಕಾಗಲಿಲ್ಲ. ಕೇರಿ ಹಾಸ್ಟೆಲಿನಿಂದ ಒಂದು ಕೂಗಳತೆ ದೂರ. ಲಚ್ಚಪ್ಪನಿಗೆ ಯಾರು ಹೇಳುವುದೆಂಬ ಮಾತು ಬಂದಾಗ ಎಲ್ಲರೂ ನೆಲ ನೋಡಿದರು. ನೀ ಹೋಗು, ನೀ ಹೋಗು ಎಂದರು. ಒಬ್ಬನೂ ಹೋಗಲಿಲ್ಲ. ಇದನ್ನು ಹೇಳುವಾಗ ಈ ಊರಿನ ಹಿರಿಯರ ದನಿ ಇಂದಿಗೂ ಗಡುಸಾಗುತ್ತದೆ. ಆಣೆ ಮುರಿದದ್ದನ್ನು ಅವರು ಕ್ಷಮಿಸಿಯಾರು, ವಯಸ್ಸು ಚಿಕ್ಕದು, ಭಯ ದೊಡ್ಡದು. ಹೇಳದೆ ಹೋದದ್ದನ್ನು ಕ್ಷಮಿಸುವುದಿಲ್ಲ.

ಸಭೆಯ ಹೊತ್ತಿಗೆ ಲಚ್ಚಪ್ಪ ತೊಳೆದ ಧೋತರ ಉಟ್ಟು, ಕಾಲು ತಿಕ್ಕಿ ತೊಳೆದುಕೊಂಡು, ಬರಿಗಾಲಲ್ಲಿ ಬಂದು ಸಭಾಂಗಣದ ಮುಂದೆ ನಿಂತ. ಸಮಗಾರನ ಕಣ್ಣು ಮನುಷ್ಯನ ಮುಖಕ್ಕಿಂತ ಮೊದಲು ಕಾಲಿಗೆ ಬೀಳುತ್ತದೆ. ಸಾಲು ಹಿಡಿದು ಬರುತ್ತಿದ್ದ ತನ್ನವರ ಕಾಲು ನೋಡಿದ. ಬೂಟು. ಇನ್ನೊಂದು ಜೋಡಿ, ಬೂಟು. ತಾನು ತಪ್ಪು ಸಾಲು ನೋಡುತ್ತಿದ್ದೇನೆಂದು ಮೊದಲು ಅವನಿಗೆ ಅನ್ನಿಸಿತಂತೆ. ತಲೆಯೆತ್ತಿದರೆ ಬಾಬಾಗೌಡನ ಮುಖ. ಗೌಡ ಆಕಾಶ ನೋಡುತ್ತ ಒಳಗೆ ಹೋದ. ಒಬ್ಬರ ಹಿಂದೆ ಒಬ್ಬರು ಹೋದರು, ಎಲ್ಲರಿಗೂ ಎತ್ತಲೋ ನೋಡುವ ಕೆಲಸ ಬಿದ್ದಿತ್ತು. ಕೊನೆಯವನು ಮಾಳಿಂಗ. ಅವನು ಬರುವುದು ಕಾಣುವ ಮೊದಲೇ ಕೇಳಿಸಿತು. ಹೊಸ ತೊಗಲು, ಅಡಿಯ ಅಟ್ಟೆಗೆ ಇನ್ನೂ ಎಣ್ಣೆ ಇಳಿದಿರಲಿಲ್ಲ, ಹೆಜ್ಜೆಗೊಮ್ಮೆ ಕಿರ್ ಕಿರ್ ಎನ್ನುತ್ತಿತ್ತು. ಆ ಸದ್ದು ಲಚ್ಚಪ್ಪನ ಪಕ್ಕದಲ್ಲೇ ಹಾದು ಬಾಗಿಲು ದಾಟಿತು. ಯಾರಿಗಾಗಿ ಆಣೆ ಮಾಡಿದ್ದರೋ ಅವನೇ, ಲಚ್ಚಪ್ಪನ ಕೈಯಲ್ಲೇ ಹೊಲಿಸಿಕೊಂಡ ಬೂಟು ಮೆಟ್ಟಿ, ಅವನನ್ನೇ ಹೊರಗೆ ಬಿಟ್ಟು ಒಳಗೆ ಹೋದ. ಇದಕ್ಕಿಂತ ಹೇಸಿಗೆಯದು ಈ ಊರಿನಲ್ಲಿ ನಡೆದಿರಬಹುದು, ಆದರೆ ಇಷ್ಟು ಸದ್ದು ಮಾಡಿ ನಡೆದಿಲ್ಲ.

ಪ್ರಿನ್ಸಿಪಾಲರು ಬಾಗಿಲಲ್ಲಿದ್ದರು. “ಏನಪ್ಪಾ, ನಿಮ್ಮ ಮನೆಯಲ್ಲೇ ಬೂಟಿಗೆ ಬರವೇ?” ಎಂದರು. ಒಳಗೆ ನಗೆಯೆದ್ದಿತು. ಆ ನಗೆಯಲ್ಲಿ ಬಾಬಾಗೌಡನ ದನಿಯೂ ಇದ್ದುದನ್ನು ಲಚ್ಚಪ್ಪ ಗುರುತಿಸಿದ. ಅಂಜಿಕೆಗೆ ನಕ್ಕಿದ್ದಾನು, ನಕ್ಕದ್ದು ನಿಜ. ಪ್ರಿನ್ಸಿಪಾಲರು ಅಷ್ಟಕ್ಕೆ ಬಿಡಲಿಲ್ಲ, ದೊಡ್ಡ ಮನಸ್ಸು ಮಾಡಿದವರಂತೆ, ಓಡಿಹೋಗಿ ಹಾಕಿಕೊಂಡು ಬಾ, ಈ ಸಲ ಮನ್ನಿಸುತ್ತೇನೆ, ಇಲ್ಲದಿದ್ದರೆ ಸಂಜೆಗೆ ನಿನ್ನ ಹೆಸರಿರುವುದಿಲ್ಲ ಎಂದರು. ಮನೆ ದೂರವಿರಲಿಲ್ಲ. ಬೂಟು ಅಂಗಡಿಯ ಮೊಳೆಗೆ ನೇತುಹಾಕಿತ್ತು. ಬಿ.ಎ. ಇತ್ತು, ಮಾಸ್ತರಿಕೆ ಇತ್ತು, ಕೇರಿಯ ಮಕ್ಕಳಿದ್ದರು. ಎಲ್ಲವೂ ಲಚ್ಚಪ್ಪನ ಕಣ್ಣ ಮುಂದೆ ಬಂತು. ಬಾರದೆ ಇರಲು ಅವನೇನು ಕಲ್ಲೇ? “ಆಣಿ ಮಾಡೇನ್ರಿ” ಎಂದ. “ಯಾರ ಮುಂದೆ?” ಎಂದು ಪ್ರಿನ್ಸಿಪಾಲರು ಕೇಳಿದರು. ಲಚ್ಚಪ್ಪ ಒಳಗೆ ಕೂತ ಎಂಟು ತಲೆಗಳನ್ನು ನೋಡಿದ. ಒಂದೂ ತಿರುಗಲಿಲ್ಲ. ಅವರ ಹೆಸರು ಹೇಳಿದ್ದರೆ ಎಂಟೂ ಮಂದಿ ಅವತ್ತೇ ಬೀದಿಗೆ ಬೀಳುತ್ತಿದ್ದರು. ಹೇಳಲಿಲ್ಲ. ಬಾಗಿಲು ಮುಚ್ಚಿದರು. ಹೊರಗಿನ ಮೆಟ್ಟಿಲ ಮೇಲೆ ಅವನು ನಿಂತೇ ಇದ್ದ. ಒಳಗೆ ಮುಖ್ಯ ಅತಿಥಿಗಳು ಭಾಷಣಕ್ಕೆ ಎದ್ದರು. ಹಿಂದೆ ಕಲ್ಯಾಣದಲ್ಲಿ ಸಮಗಾರ ಶರಣ ದಂಪತಿಗಳು ತಮ್ಮ ತೊಡೆಯ ಚರ್ಮದಿಂದಲೇ ಮೆಟ್ಟು ಹೊಲಿದು ಗುರುವಿಗೆ ಅರ್ಪಿಸಿದ ಕಥೆಯನ್ನು ಕೊರಳುಬ್ಬಿ ಹೇಳಿದರು. ಚಪ್ಪಾಳೆ ಮುಚ್ಚಿದ ಬಾಗಿಲನ್ನು ದಾಟಿ ಹೊರಗೂ ಕೇಳಿಸಿತು. ಸಮಗಾರನ ಮಗನನ್ನು ಹೊಸ್ತಿಲಾಚೆ ನಿಲ್ಲಿಸಿಕೊಂಡು ಸಮಗಾರನ ಭಕ್ತಿಗೆ ಚಪ್ಪಾಳೆ ತಟ್ಟಿದವರಲ್ಲಿ ಅವನ ಎಂಟು ಮಂದಿ ಒಡಹುಟ್ಟಿದವರೂ ಇದ್ದರು. ಅವರ ಕೈ ಅಂದೇ ಯಾಕೆ ಬಿದ್ದುಹೋಗಲಿಲ್ಲವೋ!

ಚಪ್ಪಾಳೆ ನಿಲ್ಲುವ ಮೊದಲೇ ಲಚ್ಚಪ್ಪ ಗುಡ್ಡ ಹತ್ತಿದ. ಕಲ್ಲು ಒಡೆಯುವವರು ಬಿಟ್ಟುಹೋಗಿದ್ದ ಒಂದು ಹಾರೆ ಅರೆಬಂಡೆಯ ಹತ್ತಿರ ಬಿದ್ದಿತ್ತು, ಅದನ್ನು ಎತ್ತಿಕೊಂಡ. ಅವನು ಕರೀ ಕಲ್ಲನ್ನೇ ಒಬ್ಬನೇ ಎತ್ತಿ ತಿರುಗಿಸಿದ, ಸಿಟ್ಟಿನಲ್ಲಿ ಅವನ ಮೈಮೇಲೆ ದೇವರು ಬಂದಿತ್ತು ಎಂದು ಕೆಲವರು ಹೇಳುತ್ತಾರೆ. ಅಷ್ಟೆಲ್ಲ ಬೇಕಾಗಿರಲಿಲ್ಲ. ಹೊರಬದಿಗಿದ್ದ ಒರಗುಗಲ್ಲನ್ನು ಅಗೆದು ಕಿತ್ತ, ಎಳೆದು ತಂದು ಒಳಬದಿಗೆ ನೆಟ್ಟ, ಸುತ್ತ ಮಣ್ಣು ತುಂಬಿ ಬರಿಗಾಲಿನಿಂದ ತುಳಿದು ಗಟ್ಟಿ ಮಾಡಿದ. ಆಮೇಲೆ ಅದಕ್ಕೆ ಒರಗಿ, ಕೇರಿಯ ಕಡೆ ಮುಖ ಮಾಡಿ ಕೂತ. ಕೈಯ ಚರ್ಮ ಕಿತ್ತು ನೆತ್ತರು ಬರುತ್ತಿತ್ತು.

ಇಳಿಹೊತ್ತಿಗೆ ಎಂಟೂ ಮಂದಿ ಗುಡ್ಡ ಹತ್ತಿ ಬಂದರು. ಸಭೆಯಿಂದ ನೇರ ಬಂದಿದ್ದರು. ಅರೆಬಂಡೆಯಲ್ಲಿ ಮೆಟ್ಟು ಕಳಚುವ ಪದ್ಧತಿಯನ್ನೂ ಮರೆತು ಬೂಟುಗಾಲಿನಲ್ಲೇ ಬಂದಿದ್ದರು. ಲಚ್ಚಪ್ಪ ತಿರುಗಿ ನೋಡಲಿಲ್ಲ. ಸದ್ದಿನಿಂದಲೇ ಅವನಿಗೆ ಎಲ್ಲ ತಿಳಿಯಿತು.

“ಲಚ್ಚಪ್ಪಾ, ಸ್ವಲ್ಪ ತಿಳಕೋಪಾ,” ಎಂದ ಬಾಬಾಗೌಡ. “ಒಂಬತ್ತೂ ಮಂದಿ ಹಾಳಾಗೂದಕ್ಕಿಂತ...”

“ಒಬ್ಬಂವ ಹಾಳಾಗೂದು ಪಾಡ ಅಂತೀ?”

“ಹಂಗಲ್ಲೋ. ಮುಂಜಾನೆ ಕರಸಿ ಹೆದರಿಸಿದ್ರು. ನಮಗೆಲ್ಲಾ ಅಂಜಿಕಿ ಆತು.”

“ಆಗ್ಲಿ. ಅಂಜಿಕಿ ಯಾರಿಗಾಗೂದಿಲ್ಲ?” ಲಚ್ಚಪ್ಪ ಆಗಲೂ ತಿರುಗದೆಯೇ ಹೇಳಿದ. “ಒಂದ ಮಾತು ಬಂದು ಹೇಳಿದ್ರ ನಾ ನಿಮ್ಮನ್ನ ಬೈತಿದ್ದೆ, ಜಗಳಾಡತಿದ್ದೆ, ಆಮ್ಯಾಲೆ ನಾನೂ ನಿಮ್ಮ ಜೋಡೀನ ಅಂಜಿ ಬೂಟು ಹಾಕ್ಕೊಂಡು ಬರತಿದ್ನೋ ಏನೋ. ಕಲ್ಲು ಹೊರಾಕ ನಾ ಬೇಕಾದೆ, ಆಣಿ ಮಾಡಾಕ ಬೇಕಾದೆ. ಅಂಜೂದಕ್ಕ ನನ್ನ ಕರೀಲಿಲ್ಲಲ್ಲೋ ನೀವು! ಎಂಟು ಮಂದಿ ಕೂಡಿ ಅಂಜಿದ್ರಿ. ನನ್ನೊಬ್ಬನ್ನ ಶೂರನ್ನ ಮಾಡಿ ಹೊರಗ ನಿಲ್ಲಿಸಿದ್ರಿ!”

ಮಾಳಿಂಗ ಅಳುತ್ತ ಕೂತು, ಬೂಟು ಕಳಚಿ, ಎರಡೂ ಕೈಯಲ್ಲಿ ಹಿಡಿದು ಲಚ್ಚಪ್ಪನ ಮುಂದೆ ಬಂದು ನಿಂತ. “ಇವು ನನಗ ಬ್ಯಾಡೋ. ನಿನ್ನವು ನೀ ತಗೋ.”

ಲಚ್ಚಪ್ಪ ಬೂಟನ್ನು ನೋಡಿದ, ಮುಟ್ಟಲಿಲ್ಲ. “ಒಮ್ಮೆ ಮೆಟ್ಟಿದ್ದನ್ನ ನಮ್ಮ ಅಂಗಡ್ಯಾಗ ಹೊಳ್ಳಿ ತಗೊಳ್ಳೂದಿಲ್ಲ. ಹಾಕ್ಕೊಂಡು ತಿರುಗು. ಸದ್ದು ಹೋಗೂತನಕ ತಿರುಗು” ಎಂದ. ಅಷ್ಟು ಹೇಳಿ ಎದ್ದು, ಬಂದ ದಾರಿ ಬಿಟ್ಟು ಕೇರಿಯ ಬದಿಯ ಇಳಿಜಾರಿನಿಂದ ಕೆಳಗಿಳಿದ. ಶಾಪ ಹಾಕಿದನೆಂದು ಹೇಳುವವರಿದ್ದಾರೆ. ಶಾಪ ಹಾಕಲಿಲ್ಲ; ಹಾಕಿದ್ದರೆ ಎಂಟು ಮಂದಿಗೂ ಹಗುರಾಗುತ್ತಿತ್ತು.

ಮನೆಯಲ್ಲಿ ಯಂಕಪ್ಪ ಮಗನ ಕಾಲು ನೋಡಿದ, ಕೈ ನೋಡಿದ, ನಡೆದದ್ದನ್ನೆಲ್ಲ ಕೇಳಿದ. “ನನ್ನ ಕಲ್ಲು ಹೊಳ್ಳಿ ತಗೊಂಡು ಬಾ. ಅಂಥವರ ನಡುವ ಅದ್ಯಾಕಿರಬೇಕು?” ಎಂದ. ಲಚ್ಚಪ್ಪ, “ಅಲ್ಲೇ ಇರ್ಲಿ ಬಿಡಪಾ. ತಂದ್ರ ಮರೀತಾರ” ಎಂದ. ಮರುದಿನ ಅಪ್ಪ ಅವನ ಕೈಗೆ ತೊಗಲು ಚುಚ್ಚುವ ಆರಿ ಕೊಟ್ಟ, ಅವನು ಹೊಲಿಯಲು ಕೂತ. ಸಾಯುವವರೆಗೂ ಅದೇ ಅಂಗಡಿಯಲ್ಲಿ ಕೂತ. ಯಾರು ಬಂದರೂ ಹೊಲಿದುಕೊಟ್ಟ, ಕೇರಿಯ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಅಕ್ಷರವನ್ನೂ ಹೇಳಿಕೊಟ್ಟ, ಆದರೆ ಮಾಸ್ತರನೆಂದು ಕರೆದರೆ ಸಿಡುಕುತ್ತಿದ್ದ. ಬಳಗ ಮತ್ತೆ ಕೂಡಲಿಲ್ಲ. ಆ ಬೆನ್ನಿನ ಎದುರು ಕೂತು ಬೆಲ್ಲ ತಿನ್ನುವ ಗಂಟಲು ಯಾರಿಗೂ ಇರಲಿಲ್ಲ. ಹತ್ತನೆಯ ಕಲ್ಲು ಬರಲೇ ಇಲ್ಲ.

ಎಂಟೂ ಮಂದಿ ಬಿ.ಎ. ಆದರು, ಆಗದೆ ಏನು? ಒಬ್ಬ ವಕೀಲನಾದ, ಒಬ್ಬ ಮಾಮಲೇದಾರನಾದ. ಮಾಳಿಂಗ ದೂರದ ಊರಿನಲ್ಲಿ ಗಣಿತ ಕಲಿಸುತ್ತಿದ್ದ, ಅಂದಿನಿಂದ ಎಂದೂ ಬೂಟು ಹಾಕಲಿಲ್ಲ, ಬರಿಗಾಲಲ್ಲೇ ಇದ್ದ ಎಂದು ಅವನ ಕಡೆಯವರು ಕಣ್ಣೀರು ತಂದುಕೊಂಡು ಹೇಳುತ್ತಾರೆ. ಇದ್ದರೆ ಏನಾಯಿತು? ಹಾಕಬಾರದ ದಿನ ಹಾಕಿದ್ದನಲ್ಲ. ಬಾಬಾಗೌಡ ಎಲ್ಲರಿಗಿಂತ ದೊಡ್ಡವನಾಗಿ, ಕಾಲೇಜಿನ ಆಡಳಿತ ಮಂಡಳಿಗೇ ಬಂದ. ಮುಪ್ಪಿನಲ್ಲಿ ಅವನಿಗೆ ಆ ಬೆನ್ನು ಕಣ್ಣಿಗೆ ಚುಚ್ಚತೊಡಗಿತು. ಕೂಲಿಯವರನ್ನು ಕಳಿಸಿ ಒರಗನ್ನು ಹೊರಬದಿಗೆ ನೆಡಿಸಿದ. ಒಂದು ವಾರದೊಳಗೆ ಅದು ಮತ್ತೆ ಒಳಬದಿಗೆ ಬಂದು ನಿಂತಿತ್ತು. ಸಿಮೆಂಟು ಹಾಕಿಸಿ ಮತ್ತೆ ನೆಡಿಸಿದ, ಮತ್ತೆ ಬಂತು. ಆ ಕಲ್ಲಿಗೆ ಜೀವವಿದೆ, ತಾನಾಗಿ ತಿರುಗುತ್ತದೆ ಎನ್ನುತ್ತಾರೆ. ಕಲ್ಲು ತಾನಾಗಿ ತಿರುಗುವುದಿಲ್ಲ. ಆದರೆ ಆ ದಿನಗಳಲ್ಲಿ ಕೇರಿಯ ಗಂಡಸರ ಅಂಗೈಗಳನ್ನು ಬಿಡಿಸಿ ನೋಡುವ ಧೈರ್ಯ ಬಾಬಾಗೌಡನಿಗೆ ಇರಲಿಲ್ಲ. ಶತಮಾನೋತ್ಸವದ ಸಮಿತಿಯವರೂ ಛಾಯಾಚಿತ್ರಕ್ಕೆ ಚೆಂದ ಕಾಣಲೆಂದು ಒಮ್ಮೆ ತಿರುಗಿಸಿ ನೋಡಿದರು. ಚಿತ್ರ ಅಚ್ಚಾಗಿ ಬರುವುದರೊಳಗೆ ಬೆನ್ನು ಮೊದಲಿದ್ದಲ್ಲಿಗೇ ಬಂದಿತ್ತು.

ಇಂದು ಹೋದವರಿಗೂ ಅದು ಹಾಗೆಯೇ ಕಾಣುತ್ತದೆ. ಕರೀ ಕಲ್ಲಿನ ತಗ್ಗಿನಲ್ಲಿ ಮಳೆ ಬಂದಾಗ ಒಂದು ಬೊಗಸೆ ನೀರು ನಿಲ್ಲುತ್ತದೆ, ಗುಬ್ಬಿಗಳು ಕುಡಿಯುತ್ತವೆ. ಉಳಿದ ಎಂಟರ ಮೇಲೆ ಕಾಲೇಜಿನ ಹುಡುಗರು ಕೂತು ಫೋಟೋ ತೆಗೆಸಿಕೊಳ್ಳುತ್ತಾರೆ. ಅರೆಬಂಡೆಯ ಮೇಲೆ ಲಚ್ಚಪ್ಪನ ಮನೆತನದ ಸೊಸೆ, ಮುದುಕಿ ತಿಪ್ಪವ್ವ, ಹುರಿದ ಶೇಂಗಾ ಮಾರುತ್ತ ಕೂತಿರುತ್ತಾಳೆ. ಗುಡ್ಡ ನೋಡಿ ಇಳಿದು ಬಂದ ಪರವೂರಿನವರು ಅವಳನ್ನು ಒಂದಲ್ಲ ಒಂದು ಸಲ ಕೇಳಿಯೇ ಕೇಳುತ್ತಾರೆ: ಅದೊಂದು ಕಲ್ಲು ತಪ್ಪಿ, ಬೆನ್ನು ತಿರುಗಿಸಿ ಹೊಳ್ಳಿ ಕೂತಿದೆಯಲ್ಲ, ಅದನ್ನು ಯಾರೂ ಸರಿಮಾಡುವುದಿಲ್ಲವೇ? ತಿಪ್ಪವ್ವ ಶೇಂಗಾ ಅಳೆಯುವ ಕೈ ನಿಲ್ಲಿಸದೆ ಹೇಳುತ್ತಾಳೆ: “ಅದು ಬರೋಬ್ಬರಿ ಕುಂತೈತ್ರಿ. ಹೊಳ್ಳಬೇಕಾದವು ಆ ಎಂಟು.” ಹಾಗೆ ಹೇಳುವಾಗ ಅವಳು ಕೇಳಿದವರ ಮುಖ ನೋಡುವುದಿಲ್ಲ, ಕಾಲು ನೋಡುತ್ತಾಳೆ.